ದಾಮಣ್ಣನ ತಪ್ಪದ ಬಾಣ

ಗೆಳೆಯರೇ, ಇವತ್ತು ನಮ್ಮ ಬಂಟ್ವಾಳದ ಬಿಲ್ಲು ಸಂಘದಲ್ಲಿ ನಡೆದದ್ದು ಕೇಳಿ. ಬಾಣ ಬಿಟ್ಟವನು ತಾನೊಬ್ಬನೇ ಹೋಗಿ ಅದನ್ನು ಕಿತ್ತು, ಎಲ್ಲಿ ನಾಟಿತ್ತೆಂದು ಕೂಗಿ ಹೇಳುವುದು ನಮ್ಮಲ್ಲಿನ ಪದ್ಧತಿ. ದಾಮಣ್ಣ ಪ್ರತಿ ಸಲವೂ "ನಡು!" ಎಂದೇ ಕೂಗುತ್ತಾನೆ. ನನಗೆ ಮೊದಲಿಂದಲೂ ಸಂಶಯ. ಇವತ್ತು ಸದ್ದಿಲ್ಲದೆ ಅವನ ಹಿಂದೆಯೇ ಹೋದೆ. ಗದ್ದೆಯ ಅಂಚಿನ ಮಣ್ಣಿನ ಹುಣಿಗೆ ನಾಟಿದ್ದ ಬಾಣವನ್ನು ಕಿತ್ತು, ಬೈಹುಲ್ಲಿನ ಗುರಿಯ ನಡುವಿಗೆ ಚುಚ್ಚುತ್ತಿದ್ದ!

"ಇದೆಂಥದು ದಾಮಣ್ಣ?"

"ಇಡೀ ಜಿಲ್ಲೆಯನ್ನೇ ಮದ್ರಾಸು ರಾಜ್ಯದಿಂದ ಕಿತ್ತು ಮೈಸೂರಿಗೆ ಸೇರಿಸಿದ್ರು ಮಾರಾಯ, ನಾನು ಒಂದು ಬಾಣವನ್ನು ಎರಡು ಮೊಳ ಆಚೆ ಇಡಬಾರದಾ?"

ಇನ್ನು ಬಾಣ ಕೀಳಲು ಇಬ್ಬಿಬ್ಬರು ಹೋಗುವ ಎಂದು ಎಲ್ಲರೆದುರು ಹೇಳಿದೆ. ಒಬ್ಬನೂ ಒಪ್ಪಲಿಲ್ಲ. ಎಲ್ಲರಿಗಿಂತ ಮೊದಲು "ಬೇಡ" ಎಂದವರು, ಸಂಘದ ಬೆಳ್ಳಿ ಕಪ್ ಗೆದ್ದ ನಮ್ಮ ಅಧ್ಯಕ್ಷರು.