ಸಾಯಬೇಕಿದ್ದ ನಾಯಕಿ

ಸಿನಿಮಾ ಶುರುವಾದ ಹತ್ತು ನಿಮಿಷಕ್ಕೆ ನಿದ್ದೆ ಹೋಗುವವನು ನಾನು. ಅಂಥವನಿಗೆ ಎಂಬತ್ತರ ದಶಕದ ಕೊನೆಯಲ್ಲಿ, ಮಸ್ಕತ್ತಿನಲ್ಲಿ, ಜಪಾನಿನ ಚಿತ್ರಕಥೆಗಾರರೊಬ್ಬರ ಜೊತೆ ತಿರುಗುವ ಕೆಲಸ ಬಂತು. ವಿದೇಶದಿಂದ ಬಂದವರಿಗೆ ಕಾರು, ಹೋಟೆಲು ಒದಗಿಸುವ ಕಂಪನಿಯಲ್ಲಿ ನಾನು ಟೈಪಿಸ್ಟು. "ನೀವು ಓದುವ ಜನ, ನೀವೇ ಹೋಗಿ" ಎಂದರು ಮ್ಯಾನೇಜರು. ನಾನು ಓದುತ್ತಿದ್ದುದು ವಾರಭವಿಷ್ಯ ಮಾತ್ರ.

ಅವರ ಹೆಸರು ತಕೆಮೊರಿ. ಅರುವತ್ತರ ಆಸುಪಾಸಿನ ಸಣ್ಣ ಆಳು. ಹರೆಯದಲ್ಲಿ ಸ್ಟುಡಿಯೋದಲ್ಲಿ ಕೂತು ಪರರ ಚಿತ್ರಕಥೆಗಳನ್ನು ನಕಲು ಮಾಡುತ್ತಿದ್ದರಂತೆ. ಆಮೇಲೆ ಕತ್ತಿಕಾಳಗದ ಸಿನಿಮಾಗಳನ್ನು ಬರೆದರು. ಜನ ಥಿಯೇಟರು ಬಿಟ್ಟು ಟಿವಿ ಮುಂದೆ ಕೂತಾಗ ಇವರೂ ಟಿವಿಗೆ ಬಂದರು. "ಸಿನಿಮಾದಲ್ಲಿ ಗಂಡಸರನ್ನು ಕೊಂದೆ, ಟಿವಿಯಲ್ಲಿ ಹೆಂಗಸರನ್ನು ಕೊಲ್ಲುತ್ತಿದ್ದೇನೆ" ಎಂದರು, ತೀರಾ ಸಂಕೋಚದಿಂದ. ಈಗಿನ ಧಾರಾವಾಹಿಯ ನಾಯಕಿ, ಕಾಣೆಯಾದ ನಾವಿಕ ಗಂಡನನ್ನು ಹುಡುಕುತ್ತ ಒಮಾನಿಗೆ ಬಂದು, ಉತ್ತರದ ತುದಿಯ ಊರು ಖಸಬಿನ ಕಡಲಲ್ಲಿ ಮುಳುಗಿ ಸಾಯಬೇಕು. ಅದನ್ನು ಬರೆದು ಅವರು ನಿವೃತ್ತರಾಗುವವರು.

ಖಸಬಿಗೆ ಹೋಗಿ ಆ ಕಡಲನ್ನು ನೋಡಿದೆವು. ಮಸ್ಕತ್ತಿಗೆ ಮರಳಿ ಬಂದ ಮೇಲೆ ವಾದಿ ಅದಾಯಿ ಎಂಬ ಬಡಾವಣೆಯ ನಮ್ಮ ಮನೆಗೆ ಅವರನ್ನು ಊಟಕ್ಕೆ ಕರೆದೆ. ನನ್ನ ಹೆಂಡತಿ ಸುಮತಿ ನೀರುದೋಸೆ, ಅಂಜಲ್ ಮೀನಿನ ಗಸಿ ಬಡಿಸುತ್ತ ನನ್ನ ಬಾಯಿಂದ ಧಾರಾವಾಹಿಯ ಕಥೆ ಕೇಳಿದಳು. ನಾಯಕಿ ಕಡಲ ತಳದಿಂದ ಚಿಪ್ಪು ಹೆಕ್ಕುವ ಹೆಂಗಸರ ಮನೆತನದವಳು ಎಂಬಲ್ಲಿಗೆ ಅವಳ ಸೌಟು ನಿಂತಿತು.

"ಮುಳುಗುವುದೇ ಕಸುಬಾದವಳು ಮುಳುಗಿ ಸಾಯುವುದು ಹೇಗೆ ಮಾರಾಯ್ರೆ?" ಎಂದು ತುಳುವಿನಲ್ಲಿ ಕೇಳಿದಳು.

ನಾನು ಬೆವರುತ್ತ, "ನನ್ನ ಹೆಂಡತಿಗೆ ಒಂದು ಸಣ್ಣ ಸಂಶಯ" ಎಂದು ಶುರುಮಾಡಿ ಅವಳ ಮಾತನ್ನು ಇಂಗ್ಲಿಷಿಗೆ ಇಳಿಸಿದೆ. ತಕೆಮೊರಿಯವರ ಕೈಯ ದೋಸೆ ಗಾಳಿಯಲ್ಲೇ ಉಳಿಯಿತು. ಆಮೇಲೆ ಅವರು ನಗತೊಡಗಿದರು. ನಕ್ಕು ನಕ್ಕು ಕನ್ನಡಕ ಗಸಿಗೆ ಬಿತ್ತು. ನಾವೂ ಹೊಟ್ಟೆ ಹಿಡಿದುಕೊಂಡೆವು. ಕನ್ನಡಕ ತೊಳೆದುಕೊಂಡು ಬಂದವರು ಗಂಭೀರವಾಗಿ ಕೇಳಿದರು: "ಹಾಗಾದರೆ ಅವಳು ಏನು ಮಾಡಲಿ?"

"ದಡಕ್ಕೆ ಬಂದು ಮೊದಲು ಊಟ ಮಾಡಲಿ. ಗಂಡ ಸಿಗದಿದ್ದರೆ ಒಂದು ಕೆಲಸ ಹಿಡಿಯಲಿ. ಇಲ್ಲಿ ನಾವೆಲ್ಲ ಮತ್ತೆಂತ ಮಾಡುವುದು?" ಎಂದಳು ಸುಮತಿ.

ಅವರು ಅದನ್ನು ಅಲ್ಲೇ ಬರೆದುಕೊಂಡರು.

ಮರುವರ್ಷ ಕಾಗದ ಬಂತು. ನಾಯಕಿ ಖಸಬಿನಲ್ಲಿ ಊಟದ ಹೋಟೆಲು ತೆರೆದಿದ್ದಾಳೆ, ಧಾರಾವಾಹಿ ನಿಲ್ಲುವ ಲಕ್ಷಣವಿಲ್ಲ, ನಿವೃತ್ತಿಯಂತೂ ಖಲಾಸ್ ಎಂದು, ಇಲ್ಲಿ ಕಲಿತ ಶಬ್ದವನ್ನೇ ಹಾಕಿ ದೂರಿದ್ದರು. "ಕೊಲ್ಲುವುದಕ್ಕೆ ಒಂದು ಕಂತು ಸಾಕಿತ್ತು. ಬದುಕಿಸಿದ ಮೇಲೆ ವಾರವಾರವೂ ಏನಾದರೂ ಯೋಚಿಸಬೇಕಾಗಿದೆ."

ನಾನು ಅದನ್ನು ಓದಿ ಹೇಳಿದೆ. ಸುಮತಿ ಅಕ್ಕಿ ಆರಿಸುತ್ತಿದ್ದಳು, ತಲೆ ಎತ್ತಲಿಲ್ಲ.

"ಮತ್ತೆ? ಮನೆ ನಡೆಸುವುದು ಅಂದರೆ ಅವರು ಎಂತ ಅಂದುಕೊಂಡಿದ್ದರು?"