ಶಾಬ್ಲಿಯ ಚಳಿ

ಆ ಏಪ್ರಿಲ್‌ನಲ್ಲಿ ನಮ್ಮ ಮಾಳಿಗೆಯ ಮೇಲೆ ನಡೆದದ್ದನ್ನು ನಾನು ಕಣ್ಣಾರೆ ಕಂಡೆನೋ, ಮುಂದೆಂದೋ ನೋಡಿದ ಒಂದು ಚಿತ್ರದಿಂದ ಕಟ್ಟಿಕೊಂಡೆನೋ, ಖಚಿತವಾಗಿ ಹೇಳಲಾರೆ. ವಿಶ್ವವಿದ್ಯಾಲಯದಲ್ಲಿ ಭೌತಶಾಸ್ತ್ರ ಓದಿದವನು ನಾನು. ಸಾಕ್ಷಿಯಿಲ್ಲದ ಮಾತನ್ನು ಒಪ್ಪಬಾರದೆಂದು ಕಲಿತವನು. ಇಲ್ಲಿ ಇರುವ ಸಾಕ್ಷಿ ನಾನೊಬ್ಬನೇ, ಮತ್ತು ನನ್ನ ಮೇಲೆ ನನಗೆ ಅಷ್ಟು ನಂಬಿಕೆಯಿಲ್ಲ. ಅದಕ್ಕೆ ಕಾರಣವಿದೆ. ಅಪ್ಪನ ಕಾಯಿಲೆ ಶುರುವಾದದ್ದು ಮರೆಯುವುದರಿಂದಲ್ಲ, ನಡೆಯದೇ ಇದ್ದದ್ದನ್ನು ನೆನಪಿಟ್ಟುಕೊಳ್ಳುವುದರಿಂದ.

ನಮ್ಮ ಮನೆ ಹೈದರಾಬಾದಿನಲ್ಲಿ, ದಿಲ್‌ಸುಖ್‌ನಗರ ದಾಟಿ ಇನ್ನೂ ಆಚೆ ಇತ್ತು. ಮೊದಲು ಅಲ್ಲೆಲ್ಲ ದ್ರಾಕ್ಷಿ ತೋಟಗಳು. ಸಾಫ್ಟ್‌ವೇರ್ ಕಂಪನಿಗಳು ಬಂದದ್ದು ನಗರದ ಇನ್ನೊಂದು ತುದಿಗಾದರೂ ನೆಲದ ಬೆಲೆ ಈ ತುದಿಯಲ್ಲೂ ಏರಿ, ತೋಟಗಳು ಪ್ಲಾಟುಗಳಾದವು. ಬೇಗಂಪೇಟೆಯ ಸರ್ಕಾರಿ ಕಚೇರಿಯಲ್ಲಿ ನೌಕರಿ ಮಾಡುತ್ತಿದ್ದ ಅಪ್ಪ ಅಂಥದ್ದೊಂದು ತುಂಡು ನೆಲ ಕೊಂಡು ಮನೆ ಕಟ್ಟಿಸಿದ್ದ. ಮೂಲೆಯಲ್ಲಿ ತೋಟದ ಒಂದು ಬಳ್ಳಿ ಉಳಿದಿತ್ತು. ಅದನ್ನು ಕೀಳಗೊಡದೆ ಮಾಳಿಗೆಯವರೆಗೆ ಹಬ್ಬಿಸಿ, ಪೈಪು ನಿಲ್ಲಿಸಿ ಚಪ್ಪರ ಮಾಡಿದ್ದ. ಬೇಸಗೆ ಏರುವ ಹೊತ್ತಿಗೆ ಅದನ್ನು ಬೋಳು ಮಾಡಿ ಕತ್ತರಿಸುತ್ತಿದ್ದ. ಆ ಬೆಂಕಿಯಂಥ ಬಿಸಿಲಿನಲ್ಲಿಯೇ ಹೊಸ ಚಿಗುರು ಬರುತ್ತಿತ್ತು.

ನಾನು ಮಾಧಾಪುರದಲ್ಲಿ, ಫ್ರಾನ್ಸಿನ ಒಂದು ವಿಮಾ ಕಂಪನಿಗಾಗಿ ಕೆಲಸ ಮಾಡುವ ತಂಡದಲ್ಲಿದ್ದೆ. ಅಲ್ಲಿಂದ ಬಂದಿದ್ದ ಒಬ್ಬಾತ ಹೊರಡುವ ದಿನ ನನಗೊಂದು ಬಾಟಲಿ ಕೊಟ್ಟ. ಶಾಬ್ಲಿ. ಅದು ಅವನ ಊರಿನ ಹೆಸರು, ವೈನಿನ ಹೆಸರೂ ಅದೇ. ಆ ಹೆಸರಿನಲ್ಲಿ ಬಿಳಿ ವೈನನ್ನು ಬಿಟ್ಟು ಬೇರೆ ಮಾಡುವಂತಿಲ್ಲವೆಂದೂ, ಅಲ್ಲಿಯ ಸುಣ್ಣದ ನೆಲದಲ್ಲಿ ಹಳೇ ಸಮುದ್ರದ ಚಿಪ್ಪುಗಳು ಸಿಗುತ್ತವೆಂದೂ ಹೇಳಿದ್ದ. ಇಷ್ಟು ನೆನಪಿದೆ. ಇನ್ನೇನಾದರೂ ಹೇಳಿದನೇ? ಈ ಪ್ರಶ್ನೆಯನ್ನು ನಾನು ಎಷ್ಟೋ ಸಲ ಕೇಳಿಕೊಂಡಿದ್ದೇನೆ.

ನಮ್ಮ ಮನೆಯಲ್ಲಿ ಯಾರೂ ಕುಡಿಯುವವರಲ್ಲ. ಬಾಟಲಿಯನ್ನು ಗೆಳೆಯನಿಗೆ ಕೊಡೋಣವೆಂದು ಚೀಲದಲ್ಲಿಯೇ ಇಟ್ಟಿದ್ದೆ. ಅವ್ವ ಊಟದ ಡಬ್ಬಿಗಾಗಿ ಚೀಲಕ್ಕೆ ಕೈಹಾಕಿದಳು.

"ಇದೇನೋ ತಮ್ಮಾ?"

"ದ್ರಾಕ್ಷಿ ರಸ ಅವ್ವಾ. ಫ್ರಾನ್ಸಿಂದು."

ಹೊಸದಾಗಿ ಏನೇ ಬಂದರೂ ಮೊದಲು ದೇವರ ಮುಂದೆ ಇಡಬೇಕು, ಅದು ಅವ್ವನ ಕಟ್ಟಳೆ. ಹೊಸ ಬಟ್ಟೆ, ಸ್ಕೂಟರಿನ ಕೀಲಿ, ನನ್ನ ಮೊದಲ ಮೊಬೈಲು, ಎಲ್ಲವೂ ಅಲ್ಲಿ ಕುಂಕುಮ ಹಚ್ಚಿಸಿಕೊಂಡು ಬಂದವೇ. ಬಾಟಲಿಯ ಕೊರಳಿಗೂ ಕುಂಕುಮ ಬಿತ್ತು. ಮುಂದೊಂದು ದಿನ ಆಫೀಸಿನಿಂದ ಬಂದಾಗ ನೋಡಿದರೆ ಅಕ್ಕ ಸ್ಕ್ರೂಡ್ರೈವರ್ ಹಾಕಿ ಬಿರಡೆ ತೆಗೆದಿದ್ದಳು. ಅವ್ವ ದಿನಾ ಪೂಜೆಯಾದ ಮೇಲೆ ಉದ್ಧರಣೆಯಿಂದ ಅಪ್ಪನ ಅಂಗೈಗೆ ಅದನ್ನೇ ಹಾಕುತ್ತಿದ್ದಳು.

"ಹುಳಿ ಆಗೇತಲ್ಲೋ ನಿನ್ನ ರಸ. ಶಹಾಬಾದ್ ಕಲ್ಲಿಗೆ ನೀರು ಹೊಡದಂಗ ವಾಸನಿ ಬರ್ತೈತಿ."

"ಅವ್ವಾ, ಅದು ವೈನು. ಹೆಂಡ."

"ದೇವರ ಮುಂದ ಇಟ್ಟ ಮ್ಯಾಲ ತೀರ್ಥ. ಚೆಲ್ಲಾಕ ಬರಂಗಿಲ್ಲ."

"ಅಪ್ಪ ಇವತ್ತು ಇನ್ನೊಂದು ಸಲ ಕೈ ಒಡ್ಡ್ಯಾನ," ಎಂದು ಅಕ್ಕ ನಕ್ಕಳು. "ಭಕ್ತಿ ಭಾಳ ಹೆಚ್ಚಾಗೇತಿ."

ನಾನೂ ನಕ್ಕೆ. ಅಪ್ಪ ನಗಲಿಲ್ಲ. ಕುರ್ಚಿಯಲ್ಲಿ ಕಾಲು ಮೇಲೆತ್ತಿಕೊಂಡು ಕೂತಿದ್ದ. ಮೈಮೇಲೆ ಸ್ವೆಟರ್ ಇತ್ತು, ಕಿವಿಗೆ ಮಫ್ಲರ್ ಸುತ್ತಿದ್ದ. ಹೊರಗೆ ರಸ್ತೆಯ ಡಾಂಬರು ಚಪ್ಪಲಿಗೆ ಅಂಟುವಂಥ ಬಿಸಿಲು. ಜ್ವರವೇನೋ ಎಂದು ಕೈ ಮುಟ್ಟಿದೆ. ಗಡಿಗೆಯ ನೀರಿನಷ್ಟು ತಣ್ಣಗಿತ್ತು. ಥರ್ಮಾಮೀಟರ್ ಇಟ್ಟರೆ ಎಲ್ಲ ಸರಿಯಾಗಿತ್ತು.

"ಚಳಿ ಬಿದ್ದೈತಿ," ಅಂದ ಅಪ್ಪ. "ಚಿಗುರು ಸುಟ್ಟು ಹೋಗ್ತಾವ."

"ಬಿಸಿಲಿಗೆ ಸುಡ್ತಾವ ಅಪ್ಪಾ."

"ಚಳಿಗಿ ಸುಡ್ತಾವ. ನಿನಗ ಗೊತ್ತಾಗಂಗಿಲ್ಲ."

ಕಲಬುರಗಿಯ ಕಡೆ ಹುಟ್ಟಿ ಹೈದರಾಬಾದಿನಲ್ಲಿ ಮುದುಕನಾದ ಮನುಷ್ಯ. ಚಿಗುರು ಸುಡುವಂಥ ಚಳಿಯನ್ನು ಆತ ಎಲ್ಲಿ ಕಂಡಾನು?

ಇನ್ನು ಮುಂದಿನದು ನಾನು ಆಣೆ ಮಾಡಿ ಹೇಳಲಾರದ ಭಾಗ. ಮುಸ್ಸಂಜೆ, ಕರೆಂಟು ಹೋಗಿತ್ತು. ಗಾಳಿಗೆಂದು ಮಾಳಿಗೆ ಹತ್ತಿದೆ. ಕೊನೆಯ ಮೆಟ್ಟಿಲಲ್ಲಿಯೇ ಎಣ್ಣೆಯ ವಾಸನೆ ಬಂತು. ದೀಪಾವಳಿಯಿಂದ ಉಳಿದ ಹಣತೆಗಳನ್ನೆಲ್ಲ ಅಪ್ಪ ಮೇಲೆ ಒಯ್ದಿದ್ದ. ಕುಸುಬಿ ಎಣ್ಣೆಯ ಡಬ್ಬಿಯೂ ಅಲ್ಲಿತ್ತು. ಚಪ್ಪರದ ಕೆಳಗೆ ಹಚ್ಚಿ ಮುಗಿಸಿ, ಬಯಲು ಮಾಳಿಗೆಯ ಮೇಲೂ ಇಡುತ್ತಾ ಹೋಗುತ್ತಿದ್ದ. ಗಾಳಿ ಸುಳಿಯುತ್ತಿರಲಿಲ್ಲ. ಒಂದು ಜ್ವಾಲೆಯೂ ಅಲುಗುತ್ತಿರಲಿಲ್ಲ.

"ಒಂದು ಬಳ್ಳಿಗೆ ಇಷ್ಟ್ಯಾಕ ದೀಪ ಅಪ್ಪಾ?"

ಬಗ್ಗಿದವನು ತಲೆಯೆತ್ತಿದ. "ಒಂದs? ಕಣ್ಣು ಬಿಟ್ಟು ನೋಡು. ಸಾಲು ಕಾಣಂಗಿಲ್ಲೇನು?"

ನೋಡಿದೆ. ದೀಪಗಳಿದ್ದವು, ಬರಿ ಕಲ್ಲಿತ್ತು, ಆಚೆ ಪ್ಯಾರಪೆಟ್ ಗೋಡೆ.

"ಅವರು ಆ ಕಡೆಯಿಂದ ಹಚ್ಚಿಕೋತ ಬರಾಕತ್ತಾರ," ಅಂದ. "ನಾವು ಈ ಕಡೆಯಿಂದ ಹೋಗಬೇಕು. ಹಿಡಿ, ಡಬ್ಬಿ ಹಿಡಿ."

ಯಾರು ಎಂದು ನಾನು ಕೇಳಲಿಲ್ಲ. ಡಬ್ಬಿ ಹಿಡಿದು ಅವನ ಹಿಂದೆ ಗೋಡೆಯವರೆಗೂ ಹೋದೆ. ಅಪ್ಪ ಉಸಿರು ಬಿಟ್ಟಾಗೊಮ್ಮೆ ಬಾಯಿಯ ಮುಂದೆ ಬಿಳಿ ಹಬೆ ಕಂಡ ಹಾಗೆ ನನಗೆ ನೆನಪಿದೆ. ಬತ್ತಿಯ ಹೊಗೆಯೂ ಇದ್ದೀತು.

ಬೆಳಗಾಗುವಷ್ಟರಲ್ಲಿ ಅಪ್ಪನಿಗೆ ಸೆಕೆಯಾಗತೊಡಗಿತ್ತು. ಸ್ವೆಟರ್ ತೆಗೆದೊಗೆದ. ದೀಪದ ಮಾತು ಮತ್ತೆ ಆಡಲಿಲ್ಲ. ಬಾಟಲಿ ಖಾಲಿಯಾಗಿತ್ತು. ಅವ್ವ ಅದನ್ನು ತೊಳೆದು ಅದರಲ್ಲಿ ಮನಿಪ್ಲಾಂಟ್ ನೆಟ್ಟಳು. ಕೆಲವು ವರ್ಷಗಳಲ್ಲಿ ಅಪ್ಪ ನಮ್ಮನ್ನೆಲ್ಲ ಮರೆತು ತೀರಿಕೊಂಡ. ಆಮೇಲೆ ಅವ್ವನೂ ಹೋದಳು. ಮನೆಯನ್ನು ಬಾಡಿಗೆಗೆ ಕೊಟ್ಟೆವು.

ಈಚೆಗೆ ಒಂದು ಭಾನುವಾರ ಅಬಿಡ್ಸ್‌ನ ಫುಟ್‌ಪಾತಿನಲ್ಲಿ ಹಳೇ ಪತ್ರಿಕೆಗಳನ್ನು ಕೆದಕುತ್ತಿದ್ದಾಗ ಒಂದು ಪುಟದಲ್ಲಿ ಕೈ ನಿಂತಿತು. ನಸುಕಿನ ಬೆಳಕಿನಲ್ಲಿ ಒಂದು ಇಳಿಜಾರು, ಅದರ ತುಂಬ ಬೋಳು ಬಳ್ಳಿಗಳು, ಸಾಲುಗಳ ನಡುವೆ ನೂರಾರು ಸಣ್ಣ ಉರಿಗಳು. ಕೆಳಗಿನ ಸಾಲು ಓದಿದೆ. ಶಾಬ್ಲಿ. ಏಪ್ರಿಲ್‌ನಲ್ಲಿ ಹಿಮ ಬಿದ್ದರೆ ಎಳೆ ಚಿಗುರು ಸುಟ್ಟುಹೋಗುತ್ತದೆ, ಅದನ್ನು ಕಾಯಲು ತೋಟದ ತುಂಬ ಉರಿ ಹಚ್ಚುತ್ತಾರೆ.

ಅಲ್ಲಿಯೇ ನಿಂತು ಅಕ್ಕನಿಗೆ ಫೋನ್ ಮಾಡಿದೆ.

"ದೀಪ? ಯಾವ ದೀಪ?" ಅಂದಳು. "ಸ್ವೆಟರ್ ಹಾಕ್ಕೊಂಡಿದ್ದು ಖರೇ. ದೀಪ ಗೀಪ ಇಲ್ಲ, ನಾನೂ ಇದ್ದೆ ಮನ್ಯಾಗ. ಆ ಫೋಟೋದಾಗ ಅಪ್ಪನ್ನ ಒಯ್ದು ನಿಲ್ಲಿಸೀದಿ ನೀನು." ಆಮೇಲೆ ನಗುತ್ತಲೇ ಅಂದಳು, "ಅಪ್ಪನೂ ಹಿಂಗs ಶುರು ಮಾಡಿದ್ದ ತಮ್ಮಾ. ಡಾಕ್ಟರ್‌ಗೆ ತೋರಿಸ್ಕೋ."

ಅವಳಿಗೆ ಅದು ತಮಾಷೆ. ನನಗೆ ಅವತ್ತಿನಿಂದ ನಿದ್ದೆ ಸರಿಯಾಗಿ ಬರಲಿಲ್ಲ. ಅಪ್ಪ ದೀಪ ಹಚ್ಚಿಲ್ಲವೆಂದರೆ ನನ್ನ ತಲೆ ಅಪ್ಪನ ದಾರಿ ಹಿಡಿದಿದೆ. ಹಚ್ಚಿದ್ದೇ ನಿಜವಾದರೆ ಆ ಊರಿನ ಚಳಿ ಅಪ್ಪನಿಗೆ ತಿಳಿದದ್ದು ಹೇಗೆ? ಫ್ರಾನ್ಸಿನವನು ಹೇಳಿದ್ದನ್ನು ನಾನೇ ಅಪ್ಪನಿಗೆ ಹೇಳಿ ಮರೆತಿರಬಹುದು. ಇರಬಹುದು. ಎರಡನೆಯ ಪ್ರಶ್ನೆಗೆ ಇಂಥ ಏನಾದರೊಂದು ಉತ್ತರ ಹುಡುಕಿಕೊಳ್ಳಬಹುದಿತ್ತು. ದೀಪ ಹಚ್ಚಿದ್ದನೋ ಇಲ್ಲವೋ ಎಂಬ ಮೊದಲನೆಯದಕ್ಕೆ ಮಾಳಿಗೆಗೇ ಹೋಗಬೇಕಿತ್ತು.

ಹೋದೆ. ಮನೆ ಈಗ ಕೋಚಿಂಗ್ ಸೆಂಟರಿನ ಹುಡುಗಿಯರ ಹಾಸ್ಟೆಲ್. ಬಳ್ಳಿ ಒಣಗಿ ಎಷ್ಟೋ ಕಾಲವಾಗಿದೆ. ಚಪ್ಪರದ ಪೈಪಿಗೆ ಬಟ್ಟೆ ಒಣಹಾಕಿದ್ದರು. ಮಾಳಿಗೆಗೆ ಅಪ್ಪ ಹಾಸಿಸಿದ ಶಹಾಬಾದ್ ಕಲ್ಲು ಹಾಗೆಯೇ ಇತ್ತು, ಮೇಲೆ ಧೂಳಿನ ಪದರ. ವಾರ್ಡನ್ ವಿಚಿತ್ರವಾಗಿ ನೋಡುತ್ತಿದ್ದರೂ ಬಕೆಟ್ ಕೇಳಿ ಪಡೆದು, ನೀರು ಸುರಿದು ಕಸಬರಿಗೆಯಿಂದ ಉಜ್ಜಿದೆ. ಒದ್ದೆ ಕಲ್ಲೆಲ್ಲ ಒಂದೇ ಕಪ್ಪು, ಏನೂ ಕಾಣಲಿಲ್ಲ. ಬಿಸಿಲಿನಲ್ಲಿ ಕಾಯುತ್ತಾ ನಿಂತೆ.

ನೀರು ಆರಿ ಕಲ್ಲು ಬೂದು ಬಣ್ಣಕ್ಕೆ ತಿರುಗಿತು. ಹಣತೆಯ ತಳದಷ್ಟು ಅಗಲದ ದುಂಡು ಕಲೆಗಳು ಮಾತ್ರ ಕಪ್ಪಾಗಿಯೇ ಉಳಿದವು. ಎಣ್ಣೆ ಕುಡಿದ ಕಲ್ಲು ಹಾಗೆಯೇ ಉಳಿಯುತ್ತದೆ. ಅವು ಚಪ್ಪರದ ಕೆಳಗಿದ್ದವು, ಚಪ್ಪರ ದಾಟಿ ಬಯಲಲ್ಲೂ ಇದ್ದವು, ಗೋಡೆಯವರೆಗೆ, ಸಾಲು ಸಾಲಾಗಿ.