ಬಾಲ ಬಾಗಿದ ಎಫ್ ಮತ್ತು ಬೊಂಡಾಸಿನ ಹೆಸರು

ಹದಿನಾರು ವರ್ಷ ನಾನು ಕುದ್ರೋಳಿಯ ಒಂದು ಡಿಟಿಪಿ ಅಂಗಡಿಯಲ್ಲಿ ಮದುವೆ ಕಾಗದ ಕಂಪೋಸ್ ಮಾಡಿದವಳು. ಈಗ ಜಪಾನಿಗೆ ಮೀನು ಕಳುಹಿಸುವ ಕಂಪೆನಿಯಲ್ಲಿ ಲೇಬಲ್ ಮುದ್ರಿಸುತ್ತೇನೆ. ಸೇರಿದಾಗ ಕೊಟ್ಟ ಐಡಿ ಕಾರ್ಡಿನಲ್ಲಿ ಇಂಗ್ಲಿಷ್ ಹೆಸರು ಸರಿಯಾಗಿತ್ತು. ಅದರ ಕೆಳಗೆ ಕನ್ನಡದ ಹೆಸರು ಇರಬೇಕಾದಲ್ಲಿ ಸಾಲಾಗಿ ಆರು ಪ್ರಶ್ನಾರ್ಥಕ ಚಿಹ್ನೆ! ಎರಡು ಸಲ ಹೇಳಿದೆ. ಗೇಟಿನವನಿಗೆ ನಿಮ್ಮ ಮುಖ ಗೊತ್ತುಂಟಲ್ಲ ಎಂದು ಮ್ಯಾನೇಜರು ನಕ್ಕರು. ಕಾರ್ಡನ್ನು ಹಾಗೆಯೇ ಕೊರಳಿಗೆ ಹಾಕಿಕೊಂಡೆ.

ಕಳೆದ ವರ್ಷ ಒಂದು ಬೆಳಿಗ್ಗೆ ಜಪಾನಿನವರು ಬೊಂಡಾಸಿನ, ಅಂದರೆ ಸ್ಕ್ವಿಡ್ ಮೀನಿನ, ಲೇಬಲಿಗೆ ಹೊಸ ಫೈಲ್ ಕಳುಹಿಸಿದರು. ಮಧ್ಯಾಹ್ನ ಕಂಟೇನರ್ ಹೊರಡಬೇಕು. ಪೆಟ್ಟಿಗೆಯ ಮೇಲೆ ಮೀನಿನ ಹೆಸರು ಅವರ ಕಟಕಾನ ಲಿಪಿಯಲ್ಲೇ ಇರಬೇಕು, ತಪ್ಪಿದರೆ ಇಡೀ ಲೋಡು ವಾಪಸ್. ಫೈಲ್ ತೆರೆದರೆ ಕಟಕಾನದ ಸುಳಿವೇ ಇಲ್ಲ. ಬಾಲ ಬಾಗಿದ ಒಂದು ಎಫ್, ಆಮೇಲೆ ಸಿ. ಮತ್ತೆ ಅದೇ ಎಫ್, ಆಮೇಲೆ ಜೆ.

ಫಾಂಟ್ ಬದಲಿಸಿ ಎಂದರು ಮ್ಯಾನೇಜರು. ಕನ್ನಡದ ಕಂಪ್ಯೂಟರಿನವರಿಗೆಲ್ಲ ಇದೊಂದು ಚಾಳಿ. ಹಳೆಯ ಫಾಂಟುಗಳ ಕಾಲದಲ್ಲಿ ಪರದೆಯ ಮೇಲೆ ಇಂಗ್ಲಿಷಿನ ಗೊಜ್ಜು ಕಂಡರೆ ಫಾಂಟ್ ಬದಲಿಸಿದರಾಯಿತು, ಅಡಿಯಿಂದ ಕನ್ನಡ ಎದ್ದು ಬರುತ್ತಿತ್ತು. ಅವರೇ ಕೂತು ಇದ್ದಬದ್ದ ಫಾಂಟುಗಳನ್ನೆಲ್ಲ ಹಾಕಿದರು. ಎಫ್ ದಪ್ಪವಾಯಿತು, ಸಪೂರವಾಯಿತು, ಎಫ್ ಆಗಿಯೇ ಉಳಿಯಿತು. ಕುಣಿಯಲಾರದವಳು ನೆಲ ಡೊಂಕು ಎಂದಳಂತೆ. ಅವರು ಕಳುಹಿಸಿದ್ದೇ ಹೀಗೆ, ಒತ್ತಿಬಿಡಿ, ಅವರ ಗೀಚು ಅವರಿಗೆ ತಿಳಿಯುತ್ತದೆ ಎಂದು ಎದ್ದರು.

"ನಾನು ಒತ್ತುವುದಿಲ್ಲ" ಎಂದೆ.

"ನಿಮಗೆ ಜಪಾನಿ ಬರ್ತದಾ?"

"ಬರುದಿಲ್ಲ. ಇದು ಅಕ್ಷರ ಅಲ್ಲ ಅಂತ ಮಾತ್ರ ಗೊತ್ತುಂಟು."

ಕಂಟೇನರ್ ತಪ್ಪಿದರೆ ನಾಳೆಯಿಂದ ಬರುವುದು ಬೇಡ ಎಂದರು. ಆದರೂ ಅವರು ಬಿಟ್ಟೆದ್ದ ಕುರ್ಚಿಯಲ್ಲೇ ಕೂತೆ.

ಎಫ್‌ಗಳನ್ನೇ ದಿಟ್ಟಿಸಿದೆ. ಒಂದು ಬಿಟ್ಟು ಒಂದು, ಎಲ್ಲ ಕಡೆ ಅದೇ. ಒಂದೇ ಮನೆಯವರಿಗೆಲ್ಲ ಒಂದೇ ಇನಿಷಿಯಲ್ ಇದ್ದ ಹಾಗೆ. ಅಂದರೆ ಎರಡೆರಡು ಸೇರಿ ಒಂದು ಅಕ್ಷರ! ಕಂಪ್ಯೂಟರ್ ಉಳಿಸಿಕೊಳ್ಳುವುದು ಬರೀ ಅಂಕಿಗಳನ್ನು. ಜಪಾನಿನವರು ತಮ್ಮ ಹಳೆಯ ಪಟ್ಟಿಯ ಪ್ರಕಾರ ಒಂದೊಂದು ಅಕ್ಷರಕ್ಕೂ ಎರಡೆರಡು ಅಂಕಿ ಬರೆದಿದ್ದರು. ನಮ್ಮ ಯಂತ್ರ ಇಂಗ್ಲಿಷಿನವರ ಪಟ್ಟಿ ಹಿಡಿದು ಅವನ್ನು ಬಿಡಿಬಿಡಿಯಾಗಿ ಓದುತ್ತಿತ್ತು. ಫಾಂಟ್ ಪಾಪ ಏನು ಮಾಡೀತು! ಫೈಲನ್ನು ಮುಚ್ಚಿ, ಈ ಸಲ ಎನ್‌ಕೋಡಿಂಗ್, ಅಂದರೆ ಓದುವ ಪಟ್ಟಿ, ಜಪಾನಿಯದು ಎಂದು ಆರಿಸಿ ತೆರೆದೆ.

ಎಫ್ ಮಾಯ. ಅದರ ಜಾಗದಲ್ಲಿ ಎರಡು ಖಾಲಿ ಚೌಕ.

"ಎಂತ ಮಾರಾಯ್ರೆ, ಇದ್ದದ್ದೂ ಹೋಯ್ತಲ್ಲ" ಎಂದು ಮ್ಯಾನೇಜರು ಹಂಗಿಸಿದರು. ನನಗೋ ಕುಣಿಯುವಷ್ಟು ಖುಷಿ. ಚೌಕ ಬಂತು ಎಂದರೆ ಕಂಪ್ಯೂಟರಿಗೆ ಅಕ್ಷರ ಯಾವುದೆಂದು ತಿಳಿಯಿತು, ಅದನ್ನು ಬರೆಯುವ ಆಕಾರ ಮಾತ್ರ ಕೈಯಲ್ಲಿಲ್ಲ.

"ಈಗ ಫಾಂಟ್ ಬದಲಿಸಿ" ಎಂದು ಅವರಿಗೇ ಮೌಸ್ ಕೊಟ್ಟೆ.

ಜಪಾನಿ ಫಾಂಟ್ ಹಾಕಿದ್ದೇ ತಡ, ಚೂಪು ಗೆರೆಗಳ ಎರಡು ಅಕ್ಷರ ಎದ್ದು ನಿಂತವು: イカ. ಇಕಾ, ಬೊಂಡಾಸಿಗೆ ಅವರ ಭಾಷೆಯ ಹೆಸರು ಎಂದು ಆಮೇಲೆ ತಿಳಿಯಿತು. ಜಪಾನಿನವರು ಹಿಂದೊಮ್ಮೆ ಮಾದರಿಗೆಂದು ಕೊಟ್ಟಿದ್ದ ಬೊಂಡಾಸಿನ ಖಾಲಿ ಪ್ಯಾಕೆಟ್ಟನ್ನು ಕಪಾಟಿನಿಂದ ತೆಗೆದು ಪಕ್ಕದಲ್ಲಿಟ್ಟು, ಗೆರೆ ಗೆರೆಗೂ ಬೆರಳಿಟ್ಟು ತಾಳೆ ನೋಡಿದೆ. ಅದೇ ಅಕ್ಷರಗಳು. ಲೇಬಲ್ ಒತ್ತಿದೆ, ಪೆಟ್ಟಿಗೆಗಳಿಗೆ ಅಂಟಿಸಿದರು, ಕಂಟೇನರ್ ಹೊತ್ತಿಗೆ ಸರಿಯಾಗಿ ಹೊರಟಿತು.

ಮ್ಯಾನೇಜರು ಚಹಾ ತರಿಸಿದರು. ಬೆಳಗಿನ ಮಾತು ಮನಸ್ಸಿಗೆ ಹಚ್ಚಿಕೊಳ್ಳಬೇಡಿ ಎಂದರು. ನಾನು ಚಹಾ ಮುಟ್ಟಲಿಲ್ಲ. ಕೊರಳಿನಿಂದ ಕಾರ್ಡು ತೆಗೆದು ಅವರ ಮೇಜಿನ ಮೇಲೆ, ಪ್ರಶ್ನಾರ್ಥಕಗಳು ಕಾಣುವ ಹಾಗೆ ಇಟ್ಟೆ.

"ಬೊಂಡಾಸಿನ ಹೆಸರು ಸರಿ ಆಯ್ತು. ಇನ್ನು ನನ್ನದು ಮಾಡಿ ಕೊಡಿ" ಎಂದು ಅವರೆದುರಿನ ಕುರ್ಚಿಯನ್ನು ಎಳೆದು ಕೂತೆ.